ಹೈಕೋರ್ಟ್ ಲೈವ್‌ಸ್ಟ್ರೀಮ್ ರಿವ್ಯೂ: ಜಡ್ಜ್ ಕೆಲ್ಸ ಎಷ್ಟು ಕಾಣತ್ತೆ, ಎಷ್ಟು ಕಾಣಲ್ಲ

ಕರ್ನಾಟಕ ಹೈಕೋರ್ಟಿನ ಕಲಾಪ ಯೂಟ್ಯೂಬಲ್ಲಿ ಫ್ರೀಯಾಗಿ ನೋಡೋಕೆ ಸಿಗೋ ಸರ್ವೀಸ್ ಇದು, ಲಾಗಿನ್ ಬೇಡ, ದುಡ್ಡು ಬೇಡ, ಕೋರ್ಟ್ ಹಾಲ್ ನಂಬರ್ ನೋಡ್ಕೊಂಡು ಕ್ಲಿಕ್ ಮಾಡಿದ್ರೆ ಆಯ್ತು. 2018ರಲ್ಲಿ ಸುಪ್ರೀಂ ಕೋರ್ಟು ಕಲಾಪ ಲೈವ್ ತೋರಿಸಬಹುದು ಅಂತ ತೀರ್ಪು ಕೊಡ್ತು, ಹೈಕೋರ್ಟ್‌ಗಳ ಪೈಕಿ ಗುಜರಾತ್ ಮೊದಲು ಹೆಜ್ಜೆ ಇಡ್ತು, ನಮ್ಮ ಕರ್ನಾಟಕದಲ್ಲಿ ಇದಕ್ಕೆ ಅಂತಾನೇ ರೂಲ್ಸ್ ಮಾಡಿ 2022ರ ಜನವರಿಯಿಂದ ಜಾರಿಗೆ ತಂದ್ರು. ಮುಂದಿನ ತಿಂಗಳೇ ಹಿಜಾಬ್ ಕೇಸು ಮೂವರು ಜಡ್ಜ್‌ಗಳ ಬೆಂಚ್ ಮುಂದೆ ಬಂತು ನೋಡಿ, ಅವತ್ತಿಂದ ಕೋರ್ಟ್ ಮೆಟ್ಟಿಲು ಹತ್ತದವರೂ ಇದನ್ನ ನೋಡೋಕೆ ಶುರು ಮಾಡಿದ್ರು.

ನಾನು ನೋಡೋದು ಕೇಸಿಗಲ್ಲ, ಜಡ್ಜ್‌ಗೆ. ಒಬ್ಬ ಮನುಷ್ಯ ಬೆಳಿಗ್ಗೆ ಹತ್ತೂವರೆಗೆ ಬಂದು ಕೂತು ದಿನವಿಡೀ ಏನ್ ಮಾಡ್ತಾರೆ ಅನ್ನೋ ಕುತೂಹಲ ಅಷ್ಟೇ. ಸಿನಿಮಾ ನೋಡಿ ತಲೇಲಿ ಕೂತಿರೋ ಸುತ್ತಿಗೆ, ಆರ್ಡರ್ ಆರ್ಡರ್ ಎಲ್ಲ ಇಲ್ಲಿ ಇಲ್ಲವೇ ಇಲ್ಲ. ಕಾಸ್‌ಲಿಸ್ಟ್, ಅಂದ್ರೆ ಆ ದಿನದ ಕೇಸುಗಳ ಪಟ್ಟಿ, ಉದ್ದ ಇರತ್ತೆ, ಕೋರ್ಟ್ ಆಫೀಸರ್ ಐಟಂ ನಂಬರ್ ಕೂಗ್ತಾರೆ, ಒಬ್ಬ ವಕೀಲರು ಪಾಸ್‌ಓವರ್ (ಸ್ವಲ್ಪ ಹೊತ್ತು ಬಿಟ್ಟು ಕೇಸ್ ಮತ್ತೆ ಕರೀರಿ ಅಂತ) ಕೇಳ್ತಾರೆ, ಇನ್ನೊಬ್ರು ಟೈಮ್ ಕೇಳ್ತಾರೆ, ಸರ್ಕಾರದ ಕಡೆಯವರು ಇನ್‌ಸ್ಟ್ರಕ್ಷನ್ ತಗೊಂಡು, ಅಂದ್ರೆ ಇಲಾಖೆಯವರನ್ನ ಕೇಳ್ಕೊಂಡು, ಹೇಳ್ತೀನಿ ಅಂತಾರೆ, ಜಡ್ಜ್ ಎರಡು ವಾರ ಕೊಟ್ಟು ಮುಂದಿನ ಫೈಲ್ ಎಳ್ಕೋತಾರೆ. ಮೊದಲ ಅರ್ಧ ಗಂಟೆ ಬೋರ್ ಹೊಡೆಯತ್ತೆ, ನಿಜ ಹೇಳ್ಬೇಕಲ್ಲ.

ಆದ್ರೆ ಆಕ್ಸಿಡೆಂಟ್ ಪರಿಹಾರದ ಅಪೀಲು ಬಂದಾಗ ಫೋನ್ ಕೆಳಗಿಡಬೇಡಿ. ವಕೀಲರ ಮಾತು ಮುಗಿದ ತಕ್ಷಣ ಜಡ್ಜ್ ಅಲ್ಲೇ ಸ್ಟೆನೋಗೆ ಆರ್ಡರ್ ಹೇಳೋಕೆ ಶುರು ಮಾಡ್ತಾರೆ. ಸತ್ತವರ ವಯಸ್ಸು 34, ತಿಂಗಳ ಆದಾಯ 15,000 ಅಂತ ಇಟ್ಕೊಳ್ಳಿ. ಮುಂದೆ ದುಡಿಮೆ ಹೆಚ್ತಿತ್ತು ಅಂತ ಶೇ. 40 ಸೇರಿಸಿದ್ರೆ 21,000, ನಾಲ್ಕು ಜನ ಅವಲಂಬಿತರು ಇರೋದ್ರಿಂದ ಸತ್ತವರ ಸ್ವಂತ ಖರ್ಚಿಗೆ ಅಂತ ಕಾಲು ಭಾಗ ಕಳೆದ್ರೆ 15,750, ಅದನ್ನ 12ರಿಂದ ಗುಣಿಸಿ ಆಮೇಲೆ ಆ ವಯಸ್ಸಿಗೆ ಇರೋ ಗುಣಕ 16ರಿಂದ ಗುಣಿಸಿದ್ರೆ 30,24,000. ಒಂದು ಜೀವದ ಲೆಕ್ಕ ಎರಡೇ ನಿಮಿಷದಲ್ಲಿ ಮುಗಿಯತ್ತೆ, ದನಿ ಒಂಚೂರೂ ಏರಲ್ಲ ಇಳಿಯಲ್ಲ, ಮೊದಮೊದಲು ಇದೇನಪ್ಪ ಇಷ್ಟು ಕಲ್ಲುಮನಸ್ಸು ಅನ್ಸತ್ತೆ. ಆದ್ರೆ ಅದೇ ಜಡ್ಜ್ ಇನ್ಶೂರೆನ್ಸ್ ಕಂಪನಿ ವಕೀಲರಿಗೆ, ಡೆಪಾಸಿಟ್ ಮಾಡೋಕೆ ಇನ್ನೂ ಎಷ್ಟು ದಿನ ಬೇಕ್ರೀ, ಆ ಹೆಂಗಸು ಎಷ್ಟು ವರ್ಷ ಅಲೆದಿದ್ದಾರೆ ಗೊತ್ತಾ ಅಂತ ಕೇಳಿದ್ದನ್ನೂ ನೋಡಿದೀನಿ. ಕೋರ್ಟ್ ಭಾಷೆ ಇಂಗ್ಲಿಷ್, ಸಿಟ್ಟು ಬಂದ್ರೆ ಮಾತ್ರ ಅಚ್ಚಗನ್ನಡ.

ಈ ಕುರ್ಚಿಗೆ ಬರೋ ದಾರಿ ಲೈವಲ್ಲಿ ಕಾಣಲ್ಲ. ಹೈಕೋರ್ಟಲ್ಲಿ ಹತ್ತು ವರ್ಷ ವಕೀಲಿ ಮಾಡಿರಬೇಕು ಇಲ್ಲಾ ಕೆಳಗಿನ ಕೋರ್ಟಿಂದ ಮೇಲೆ ಬಂದಿರಬೇಕು, ಆಮೇಲೆ ಕೊಲಿಜಿಯಂ (ಹೆಸರು ಶಿಫಾರಸು ಮಾಡೋ ಹಿರಿಯ ಜಡ್ಜ್‌ಗಳ ಗುಂಪು), ಆಮೇಲೆ ದೆಹಲೀಲಿ ಫೈಲು ಎಷ್ಟು ದಿನ ಕೂರತ್ತೋ ದೇವರಿಗೇ ಗೊತ್ತು. ಮಂಜುಳಾ ಚೆಲ್ಲೂರ್ ಅವರನ್ನೇ ತಗೊಳ್ಳಿ, ಬಳ್ಳಾರಿಯಲ್ಲಿ ವಕೀಲಿ, ಆಮೇಲೆ ಜಿಲ್ಲಾ ಜಡ್ಜ್, 2000ದಲ್ಲಿ ಕರ್ನಾಟಕ ಹೈಕೋರ್ಟಿನ ಮೊದಲ ಮಹಿಳಾ ನ್ಯಾಯಮೂರ್ತಿ, ಕೊನೆಗೆ ಕೇರಳ, ಕಲ್ಕತ್ತಾ, ಬಾಂಬೆ ಮೂರೂ ಕಡೆ ಚೀಫ್ ಜಸ್ಟಿಸ್. ವರ್ಗಾವಣೆ ಅನ್ನೋದು ಶಿಕ್ಷೆಯಾಗಿ ಬಂದಿದ್ದೂ ಉಂಟು, ಎಮರ್ಜೆನ್ಸಿಲಿ 1976ರಲ್ಲಿ ನಮ್ಮ ಜಸ್ಟಿಸ್ ಡಿ.ಎಂ. ಚಂದ್ರಶೇಖರ್ ಅವರನ್ನ ಅಲಹಾಬಾದಿಗೆ, ಜಸ್ಟಿಸ್ ಸದಾನಂದಸ್ವಾಮಿ ಅವರನ್ನ ಗುವಾಹಟಿಗೆ ಕಳಿಸಿದ್ರು. ಅವರು ನಡೆಸ್ತಿದ್ದ ವಿಚಾರಣೆ ಲೈವ್ ಇದ್ದಿದ್ರೆ ಹೆಂಗಿರ್ತಿತ್ತು ಅಂತ ಎಷ್ಟೋ ಸಲ ಅನ್ಸಿದೆ.

ನಮ್ಮ ಹೈಕೋರ್ಟಿಗೆ ಮಂಜೂರಾದ ಜಡ್ಜ್ ಹುದ್ದೆ 62, ರಿಟೈರ್ ಆಗೋ ವಯಸ್ಸೂ 62, ಇದು ಕಾಕತಾಳೀಯ ಅಷ್ಟೇ. ಪರ್ಮನೆಂಟ್ ಜಡ್ಜ್ ಆಗಿದ್ದವರು ರಿಟೈರ್ ಆದ್ಮೇಲೆ ತಾವು ಕೂತ ಹೈಕೋರ್ಟಲ್ಲಿ ವಾದ ಮಾಡೋ ಹಾಗಿಲ್ಲ, ಸುಪ್ರೀಂ ಕೋರ್ಟ್ ಅಥವಾ ಬೇರೆ ಹೈಕೋರ್ಟಿಗೆ ಹೋಗ್ಬೇಕು. ಬೀಳ್ಕೊಡುಗೆ ಸಮಾರಂಭ ಲೈವ್ ಬಂದ್ರೆ ತಪ್ಪದೇ ನೋಡಿ, ವರ್ಷಗಟ್ಟಲೆ ಅಳೆದು ತೂಗಿ ಮಾತಾಡಿದ ಮನುಷ್ಯರು ಅವತ್ತು ಸೀನಿಯರ್‌ಗಳನ್ನ, ಮನೆಯವರನ್ನ, ಸ್ಟೆನೋನ, ದಫೇದಾರ್‌ನ ಹೆಸರು ಹಿಡಿದು ನೆನೆಸ್ಕೋತಾರೆ.

ಈಗ ಕೊರತೆ. ಎಷ್ಟೋ ಸ್ಟ್ರೀಮ್‌ಗಳಲ್ಲಿ ಆಡಿಯೋ ಅಂದ್ರೆ ದೇವರೇ ಗತಿ, ಜಡ್ಜ್ ಮಾತು ಕೇಳತ್ತೆ, ವಕೀಲರದ್ದು ಬಾವಿಯೊಳಗಿಂದ ಬಂದ ಹಾಗೆ ಬರತ್ತೆ. ಕ್ಯಾಮೆರಾ ಅಲ್ಲಾಡಲ್ಲ. ಯಾವ ಕೇಸ್ ನಡೀತಿದೆ ಅಂತ ಸ್ಕ್ರೀನ್ ಮೇಲೆ ಒಂದು ಸಾಲು ಹಾಕಿದ್ರೆ ಎಷ್ಟು ಉಪಕಾರ ಆಗ್ತಿತ್ತು. ಕೌಟುಂಬಿಕ ಕೇಸು, ಲೈಂಗಿಕ ಅಪರಾಧದ ಕೇಸು ತೋರಿಸಲ್ಲ, ಅದು ಸರಿಯೇ.

ದೊಡ್ಡ ತಲೆನೋವು ಕ್ಲಿಪ್ಪಿಂಗು. ಮೂರು ಗಂಟೆ ಕಲಾಪದಲ್ಲಿ ಮೂವತ್ತು ಸೆಕೆಂಡ್ ಕತ್ತರಿಸಿ ಮ್ಯೂಸಿಕ್ ಹಾಕಿ ರೀಲ್ಸ್ ಮಾಡಿ ಬಿಟ್ರೆ ಜಡ್ಜ್ ಹೀರೋ ಆಗ್ತಾರೆ ಇಲ್ಲಾ ವಿಲನ್ ಆಗ್ತಾರೆ, ಮಧ್ಯ ಇನ್ನೇನೂ ಇಲ್ಲ. 2024ರ ಸೆಪ್ಟೆಂಬರಲ್ಲಿ ನಮ್ಮ ಹೈಕೋರ್ಟಿನ ಜಸ್ಟಿಸ್ ಶ್ರೀಶಾನಂದ ಅವರು ವಿಚಾರಣೆ ವೇಳೆ ಆಡಿದ ಆಕ್ಷೇಪಾರ್ಹ ಮಾತಿನ ಕ್ಲಿಪ್ ವೈರಲ್ ಆಗಿ ಸುಪ್ರೀಂ ಕೋರ್ಟ್ ತಾನಾಗೇ ಕೇಸ್ ಕೈಗೆತ್ಕೊಂಡಿತ್ತು, ಅವರು ಓಪನ್ ಕೋರ್ಟಲ್ಲೇ ವಿಷಾದ ಹೇಳಿದ್ಮೇಲೆ ಅದನ್ನ ಮುಗಿಸಿದ್ರು, ಆದ್ರೆ ಲೈವ್ ಮುಚ್ಚೋದು ಇದಕ್ಕೆ ಪರಿಹಾರ ಅಲ್ಲ ಅನ್ನೋ ಅರ್ಥದ ಮಾತೂ ಅಲ್ಲಿಂದ ಬಂತು. ನನ್ನ ಅಭಿಪ್ರಾಯವೂ ಅದೇ. ಆ ಮಾತು ತಪ್ಪು ಅಂತ ಊರಿಗೆಲ್ಲ ಗೊತ್ತಾಗಿದ್ದೇ ಕ್ಯಾಮೆರಾ ಇದ್ದಿದ್ರಿಂದ, ಹಂಗೇ ಕ್ಯಾಮೆರಾ ಇರೋದ್ರಿಂದಲೇ ಕೆಲವು ಜಡ್ಜ್‌ಗಳ ತಾಳ್ಮೆಯೂ ಗೊತ್ತಾಗಿದ್ದು.

ಐದಕ್ಕೆ ನಾಲ್ಕು ಸ್ಟಾರ್, ಒಂದು ಕಟ್ ಮಾಡಿದ್ದು ಆಡಿಯೋಗೆ. ಹೊಸಬರು ಚೀಫ್ ಜಸ್ಟಿಸ್ ಹಾಲಿಂದ ಶುರು ಮಾಡ್ಬೇಡಿ, ಅಲ್ಲಿ ಸಾಂವಿಧಾನಿಕ ವಿಷಯ ಜಾಸ್ತಿ, ತಲೆ ಬುಡ ಗೊತ್ತಾಗಲ್ಲ. ಸಿಂಗಲ್ ಬೆಂಚಲ್ಲಿ (ಒಬ್ಬರೇ ಜಡ್ಜ್ ಕೂರೋ ಕಡೆ) ಜಾಮೀನು ಅರ್ಜಿ ನಡೆಯೋ ಹಾಲ್ ಹಿಡೀರಿ, ಕಾಸ್‌ಲಿಸ್ಟ್ ಪಿಡಿಎಫ್ ಪಕ್ಕದಲ್ಲಿ ತೆಗೆದಿಟ್ಕೊಳ್ಳಿ, ಇಯರ್‌ಫೋನ್ ಮಾತ್ರ ಮರೀಬೇಡಿ.