ಕುರುಬನೋ, ಕುರಿಗಾಹಿಯೋ: ಎರಡು ಕನ್ನಡ ಬೈಬಲ್‌ಗಳನ್ನು ಪಕ್ಕಪಕ್ಕ ಇಟ್ಟು

ಧಾರವಾಡ-ಹುಬ್ಬಳ್ಳಿ ಕಡೆ ಬೈಬಲ್ ಕೊಳ್ಳಲು ಹೋದವರ ಕೈಗೆ ಹೆಚ್ಚಾಗಿ ಸಿಗುವುದು ಎರಡು ಅನುವಾದ. ಒಂದು, ಪ್ರೊಟೆಸ್ಟಂಟ್ ಸಭೆಗಳಲ್ಲಿ ತಲೆಮಾರುಗಳಿಂದ ಓದಿಕೊಂಡು ಬಂದ ಹಳೆಯ 'ಸತ್ಯವೇದವು'. ಇನ್ನೊಂದು ಸಿ.ಎಲ್. ಎಂದು ಕರೆಸಿಕೊಳ್ಳುವ ಸಾಮಾನ್ಯ ಭಾಷೆಯ ಅನುವಾದ, ಕ್ಯಾಥೊಲಿಕರಿಗೆ ಹೆಚ್ಚು ಪರಿಚಿತ. ಎರಡೂ ಬೈಬಲ್ ಸೊಸೈಟಿ ಆಫ್ ಇಂಡಿಯಾದವೇ. ರಟ್ಟು ನೋಡಿ ಗುರುತು ಹಿಡಿಯಲು ಹೋಗಬೇಡಿ, ಮೋಸಹೋಗುತ್ತೀರಿ. 23ನೇ ಕೀರ್ತನೆ ತೆಗೆಯಿರಿ. "ಯೆಹೋವನು ನನಗೆ ಕುರುಬನು, ಕೊರತೆಪಡೆನು" ಎಂದಿದ್ದರೆ ಹಳೆಯದು. "ಪ್ರಭು ಕುರಿಗಾಹಿಯಾಗಿರಲು ನನಗೆ" ಎಂದು ಶುರುವಾದರೆ ಸಿ.ಎಲ್.

ಇಲ್ಲಿ ಎರಡನ್ನೂ ತೂಗಿರುವುದು ಒಂದೇ ತಕ್ಕಡಿಯಲ್ಲಿ, ರೂಪಕದ ತಕ್ಕಡಿಯಲ್ಲಿ. ರೂಪಕ ಅಂದರೆ ಮಾತಿಗೆ ಹಾಕುವ ಒಗ್ಗರಣೆ ಎಂಬ ಭಾವನೆ ಇನ್ನೂ ಇದೆ. ಹಾಗಲ್ಲ, ನಾವು ಯೋಚಿಸುವುದೇ ರೂಪಕದಲ್ಲಿ ಎಂದು ಭಾಷಾವಿಜ್ಞಾನಿ ಜಾರ್ಜ್ ಲೇಕಾಫ್ ಮತ್ತು ತತ್ತ್ವಶಾಸ್ತ್ರಜ್ಞ ಮಾರ್ಕ್ ಜಾನ್ಸನ್ 1980ರಲ್ಲಿ ವಾದ ಹೂಡಿದರು. ಕನ್ನಡದಲ್ಲಿ ಸಿಟ್ಟು ಕುದಿಯುತ್ತದೆ, ಉಕ್ಕುತ್ತದೆ, ಆಮೇಲೆ ತಣ್ಣಗಾಗುತ್ತದೆ. ಸಿಟ್ಟೆಂದರೆ ನಮಗೆ ಒಲೆಯ ಮೇಲಿನ ಪಾತ್ರೆ; ಹಾಗಾಗಿಯೇ ಸಿಟ್ಟು ಬಂದವನ ಮೇಲೆ 'ನೀರು ಹಾಕುವ' ಉಪಾಯ ನಮಗೆ ಹೊಳೆಯುತ್ತದೆ. ದೇವರ ವಿಷಯದಲ್ಲಂತೂ ಬೇರೆ ದಾರಿಯೇ ಇಲ್ಲ. ಕುರುಬ, ತಂದೆ, ರಾಜ, ಸಾಲ ಕೊಟ್ಟವನು, ಇಷ್ಟರಲ್ಲೇ ಮಾತು ನಡೆಯಬೇಕು. ಅನುವಾದಕ ಒಂದು ಪದ ಬದಲಿಸಿದರೆ ಭಕ್ತನ ತಲೆಯಲ್ಲಿರುವ ದೇವರ ಚಿತ್ರವೇ ಪಕ್ಕಕ್ಕೆ ಸರಿಯುತ್ತದೆ.

ಕುರುಬನಿಂದಲೇ ಶುರು ಮಾಡೋಣ. ಹಳೆಯ ಅನುವಾದದ 'ಕುರುಬ' ನಮ್ಮ ಕಡೆ ಬರೀ ಕಸುಬಿನ ಹೆಸರಲ್ಲ, ಜಾತಿಯ ಹೆಸರೂ ಹೌದು. ಗದಗ, ಹಾವೇರಿಯ ಓದುಗನಿಗೆ ಈ ಪದ ಕೇಳಿದ ಕೂಡಲೇ ಹಾಲುಮತ, ಬೀರಪ್ಪ, ಡೊಳ್ಳು, ಕರಿ ಕಂಬಳಿ ಎಲ್ಲ ಒಟ್ಟಿಗೆ ಎದ್ದು ಬರುತ್ತವೆ. ಸಿ.ಎಲ್. ಈ ತೊಡಕು ತಪ್ಪಿಸಿ 'ಕುರಿಗಾಹಿ' ಎಂದಿತು. ಕಸುಬು ಉಳಿಯಿತು, ಮನುಷ್ಯ ತೆಳುವಾದ. ಕುರಿಗಾಹಿ ಪುಸ್ತಕದಲ್ಲಿ ಸಿಗುವವನು. ಕುರುಬ ಸುಗ್ಗಿ ಮುಗಿದ ಮೇಲೆ ಹಿಂಡು ಹೊಡೆದುಕೊಂಡು ಊರ ಹೊಲಕ್ಕೆ ಬರುವವನು, ಅವನ ಕುರಿಗಳನ್ನು ರಾತ್ರಿ ಹೊಲದಲ್ಲಿ ನಿಲ್ಲಿಸಿಕೊಂಡ ರೈತ ಕಾಳನ್ನೋ ದುಡ್ಡನ್ನೋ ಕೊಡುತ್ತಾನೆ. ನಮ್ಮ ಮತ ಹಳೆಯದಕ್ಕೇ. ಅದೇ ಕೀರ್ತನೆಯ 4ನೇ ವಚನದಲ್ಲಿ "ನಿನ್ನ ದೊಣ್ಣೆಯೂ ನಿನ್ನ ಕೋಲೂ" ಎಂದು ಎರಡು ಸಾಮಾನು ಬರುತ್ತವೆ, ಗಮನಿಸಿ. ಮೂಲದ ಹೀಬ್ರೂವಿನಲ್ಲೂ ಎರಡೇ: ಒಂದು ಮೃಗಕ್ಕೆ ಹೊಡೆಯಲು, ಇನ್ನೊಂದು ಊರಿಕೊಂಡು ನಡೆಯಲು. ಎರಡನ್ನೂ 'ಶಿಕ್ಷೆಯ ಕೋಲು' ಎಂದು ಬೋಧಿಸಿದರೆ ಕೀರ್ತನೆ ತಲೆಕೆಳಗಾಗುತ್ತದೆ. ದೊಣ್ಣೆ ಇರುವುದು ತೋಳಕ್ಕೆ, ಕುರಿಗಲ್ಲ.

ಆದರೆ ಹಾಡಿಕೊಂಡು ಓದಲು ಸಿ.ಎಲ್. ಕೀರ್ತನೆಗಳೇ ಮೇಲು. "ಕುಂದುಕೊರತೆಗಳೆಲ್ಲಿಯವು ಎನಗೆ?" ಎಂಬ ಸಾಲಿನಲ್ಲಿ 'ಎನಗೆ' ಬಂದೊಡನೆ ಶರಣರ ವಚನ ಕೇಳಿ ಬೆಳೆದ ಕಿವಿ ನೆಟ್ಟಗಾಗುತ್ತದೆ. ಹಳೆಯದರ 'ಕೊರತೆಪಡೆನು' ವ್ಯಾಕರಣಕ್ಕೆ ಸರಿ, ನಾಲಿಗೆಗೆ ಗಟ್ಟಿ. ಇನ್ನು ಹಳೆಯದರಲ್ಲಿ ಕಾಣುವ 'ಆಗುವದಿಲ್ಲ', 'ಮಾಡುವದು' ಮುದ್ರಣದೋಷವಲ್ಲ, ಹಳೆಯ ಕಾಗುಣಿತ. ಧಾರವಾಡದ ಹಳೆಯ ಪುಸ್ತಕ ತಿರುವಿದವರಿಗೆ ಅದು ಮನೆಯ ಬರಹವೇ.

ಕೆಲವು ರೂಪಕಗಳು ಈ ನೆಲದಲ್ಲಿ ಉಲ್ಟಾ ಹೊಡೆಯುತ್ತವೆ. ಯೆಶಾಯ 1:18ರಲ್ಲಿ ಪಾಪ ಕೆಂಪಾಗಿದ್ದರೂ ಹಿಮದ ಹಾಗೆ ಬಿಳುಪಾಗುತ್ತದೆ, ಉಣ್ಣೆಯಂತಾಗುತ್ತದೆ. ಹಿಮ ನಾವು ಕಂಡಿಲ್ಲ, ಹೋಗಲಿ. ಉಣ್ಣೆ ಕಂಡಿದ್ದೇವೆ, ಆದರೆ ನಮ್ಮ ದಖನಿ ಕುರಿಯ ಉಣ್ಣೆ ಬಹುಪಾಲು ಕಪ್ಪು. ಕಂಬಳಿ ಹೊದ್ದವನಿಗೆ 'ಉಣ್ಣೆಯಂತೆ' ಎಂದರೆ ಯಾವ ಬಣ್ಣ ಕಾಣಬೇಕು? ಮತ್ತಾಯ 13:33ರಲ್ಲಿ ಹಿಟ್ಟಿನೊಳಗೆ ಅಡಗಿಸಿಟ್ಟು ಇಡೀ ಹಿಟ್ಟನ್ನೇ ಹುಳಿಯಾಗಿಸುವ ಹುಳಿಹಿಟ್ಟಿಗೆ ದೇವರ ರಾಜ್ಯವನ್ನು ಹೋಲಿಸಿದ್ದಾರೆ; ಅದರದೂ ಇದೇ ಪಾಡು. ಜೋಳದ ರೊಟ್ಟಿಗೆ ಹುಳಿ ಬೇಕಿಲ್ಲ, ಮೇಲಾಗಿ ಕನ್ನಡದಲ್ಲಿ 'ಹುಳಿ ಹಿಂಡುವುದು' ಅಂದರೆ ಸಂಬಂಧ ಕೆಡಿಸುವುದು. ದೇವರ ರಾಜ್ಯ ಒಳಗೊಳಗೇ ಹಬ್ಬುತ್ತದೆ ಎನ್ನುವ ಮಾತು ಕೇಳುಗನ ಕಿವಿಗೆ ಕೆಡುಕಾಗಿ ಬೀಳಬಹುದು. ಬೋಧಿಸುವವರು ಇಲ್ಲಿ ಹೆಪ್ಪಿನ ಉದಾಹರಣೆ ಕೊಡಲಿ: ಉಗುರುಬೆಚ್ಚಗಿನ ಹಾಲಿಗೆ ಒಂದು ಚಮಚ ಹೆಪ್ಪು ಹಾಕಿದರೆ ಬೆಳಗಾಗುವುದರೊಳಗೆ ಇಡೀ ಪಾತ್ರೆ ಮೊಸರು. ಹಾಲು ತೀರಾ ಬಿಸಿಯಿದ್ದರೆ ಕೆಡುತ್ತದೆ, ಆಗಾಗ ಅಲುಗಾಡಿಸಿದರೆ ಗಟ್ಟಿಯಾಗುವುದಿಲ್ಲ. ಈ ಸಾಮ್ಯದಲ್ಲಿ, ಅಂದರೆ ಯೇಸು ಹೇಳಿದ ದೃಷ್ಟಾಂತ ಕಥೆಯಲ್ಲಿ, ಬರುವ ಹಿಟ್ಟಿನ ಪ್ರಮಾಣವನ್ನೂ ಹೇಳಿ. ಮೂಲದಲ್ಲಿರುವುದು 'ಸಾತ' ಎಂಬ ಹಳೆಯ ಅಳತೆಯಲ್ಲಿ ಮೂರು, ಸುಮಾರು 36ರಿಂದ 40 ಲೀಟರ್. ಅದು ಮನೆಯ ಅಡಿಗೆಯಲ್ಲ, ಮದುವೆಯ ಅಡಿಗೆ.

ಹಳೆಯ ಅನುವಾದದ ಮೇಲೆ ನಮ್ಮ ದೊಡ್ಡ ತಕರಾರು ಕರುಳಿನದು. ಲೂಕ 15:20ರಲ್ಲಿ ಮನೆ ಬಿಟ್ಟು ಹೋಗಿ ದೂರದಿಂದ ಮರಳಿ ಬರುತ್ತಿರುವ ಮಗನನ್ನು ಕಂಡು ತಂದೆ "ಕನಿಕರಪಟ್ಟು" ಓಡುತ್ತಾನೆ. ಮೂಲದ ಗ್ರೀಕ್ ಕ್ರಿಯಾಪದ ಹುಟ್ಟಿದ್ದು 'ಸ್ಪ್ಲಾಂಖ್ನ' ಎಂಬ ಪದದಿಂದ, ಹಾಗೆಂದರೆ ಹೊಟ್ಟೆಯೊಳಗಿನ ಅಂಗಾಂಗ. ಕರುಣೆಗೆ ಹೀಬ್ರೂವಿನಲ್ಲಿರುವ 'ರಹಮೀಮ್' ಗರ್ಭ ಎಂಬ ಅರ್ಥದ 'ರೆಹೆಮ್' ಪದಕ್ಕೆ ನೆಂಟ. ಇಂಗ್ಲಿಷಿನವರು ಇದಕ್ಕೆ ಪದ ಹುಡುಕಿ ಒದ್ದಾಡುತ್ತಾರೆ. ನಮ್ಮಲ್ಲಿ ಎರಡೂ ಅರ್ಥಕ್ಕೆ ಒಂದೇ ಪದ ಸಿದ್ಧವಿದೆ: ಕರುಳು ಚುರ್ ಎಂದಿತು, ಹೆತ್ತ ಕರುಳು, ಕರುಳ ಬಳ್ಳಿ. ಇಂಥ ಪದ ಕೈಯಲ್ಲಿಟ್ಟುಕೊಂಡು 'ಕನಿಕರಪಟ್ಟು' ಎಂದಿದ್ದು ನಷ್ಟವೇ. 'ಕನಿಕರ' ಮೇಲಿನಿಂದ ಕೆಳಗೆ ನೋಡುವ ಭಾವ, ಭಿಕ್ಷುಕನ ಮೇಲೂ ಬರುತ್ತದೆ. ಕರುಳು ಚುರ್ ಅನ್ನುವುದು ಹೆಚ್ಚಾಗಿ ತನ್ನವರಿಗೆ. ಯೆರೆಮೀಯ 17:10ರಲ್ಲೂ ಮೂಲದಲ್ಲಿ ಒಳಮನಸ್ಸಿನ ಅರ್ಥದಲ್ಲಿ 'ಮೂತ್ರಪಿಂಡ'ವಿದ್ದ ಕಡೆ ಅನುವಾದ 'ಅಂತರಿಂದ್ರಿಯ' ಎಂದಿದೆ. ಅಲ್ಲಿ ಬದಲಿಸಿದ್ದು ಸರಿ, ಕನ್ನಡದಲ್ಲಿ ಮೂತ್ರಪಿಂಡಕ್ಕೆ ಮನಸ್ಸಿಲ್ಲ. ಯಾವುದನ್ನು ಬಿಡಬೇಕು, ಯಾವುದನ್ನು ಇಟ್ಟುಕೊಳ್ಳಬೇಕು ಎಂಬುದು ಪ್ರತಿ ಪದಕ್ಕೂ ಬೇರೆ.

ಎರಡನೆಯ ತಕರಾರು ಸಾಲದ್ದು. ಮತ್ತಾಯ 6:12ರಲ್ಲಿ, ಯೇಸು ಕಲಿಸಿದ ಪ್ರಾರ್ಥನೆಯಲ್ಲಿ, ಹಳೆಯ ಅನುವಾದ "ನಮ್ಮ ತಪ್ಪುಗಳನ್ನು ಕ್ಷಮಿಸು" ಎನ್ನುತ್ತದೆ. ಗ್ರೀಕಿನಲ್ಲಿರುವುದು 'ಸಾಲಗಳು'. ಯೇಸುವಿನ ಆಡುಮಾತಾದ ಅರಮೇಯಿಕ್‌ನಲ್ಲಿ ಸಾಲಕ್ಕೂ ಪಾಪಕ್ಕೂ 'ಹೋಬಾ' ಎಂಬ ಒಂದೇ ಪದವಿತ್ತು. ಸಾಲ ಬಿಟ್ಟುಹೋದದ್ದರಿಂದ ಪ್ರಾರ್ಥನೆಗೂ ಅದೇ ಪುಸ್ತಕದ 18ನೇ ಅಧ್ಯಾಯದ ಸಾಲಗಾರನ ಸಾಮ್ಯಕ್ಕೂ ಇದ್ದ ಕೊಂಡಿ ಕಳಚಿತು. ಅಲ್ಲಿಯ ಲೆಕ್ಕ ಮಾಡಿ ನೋಡಿ: ಒಬ್ಬ ಆಳು ರಾಜನಿಗೆ ಕೊಡಬೇಕಾದದ್ದು 10,000 ತಲಾಂತು. ಒಂದು ತಲಾಂತಿಗೆ 6,000 ದಿನಾರಿ, ಒಂದು ದಿನಾರಿ ಒಂದು ದಿನದ ಕೂಲಿ. ಒಟ್ಟು 6 ಕೋಟಿ ದಿನದ ಕೂಲಿ. ಆ ಆಳಿಗೆ ಜೊತೆಯ ಆಳಿನಿಂದ ಬರಬೇಕಾದದ್ದು 100 ದಿನಾರಿ, 6 ಲಕ್ಷದಲ್ಲಿ ಒಂದು ಪಾಲು. 'ಋಣ' ಎಂಬ ಪದ ನಮ್ಮಲ್ಲಿ ಅಪ್ಪ-ಅಮ್ಮನಿಂದ ಹಿಡಿದು ಅನ್ನ-ನೀರಿನ ತನಕ ವ್ಯಾಪಿಸಿದೆ. ಒಂದು ತೊಂದರೆ ಇದೆ, ನಿಜ. ನಮ್ಮ ಋಣ ತೀರಿಸುವಂಥದ್ದು, ಮನ್ನಾ ಆಗುವಂಥದ್ದಲ್ಲ. ಹಾಗಾಗಿ ಇಲ್ಲಿ 'ಸಾಲ ಮನ್ನಾ' ಎಂಬ ಪತ್ರಿಕೆಯ ಮಾತೇ ಹೆಚ್ಚು ಹತ್ತಿರ.

ರೂಪಕವನ್ನು ಎಲ್ಲಿಯವರೆಗೆ ಎಳೆಯಬಹುದು ಎಂಬುದಕ್ಕೆ ಮಾರ್ಕ 10:45 ಪಾಠ. ಅನೇಕರನ್ನು ಬಿಡಿಸಿಕೊಳ್ಳಲು ಯೇಸು ತನ್ನ ಪ್ರಾಣವನ್ನೇ 'ಈಡು', ಅಂದರೆ ಬಿಡುಗಡೆಯ ಬೆಲೆಯಾಗಿ, ಕೊಡುವ ಚಿತ್ರ ಅದು. ಈಡು ಕೊಟ್ಟರೆ, ಯಾರಿಗೆ ಕೊಟ್ಟದ್ದು? 3ನೇ ಶತಮಾನದ ಕ್ರೈಸ್ತ ಪಂಡಿತ ಒರಿಜೆನ್ ಸೈತಾನನಿಗೆ ಎಂದ. 4ನೇ ಶತಮಾನದ ಬಿಷಪ್ ನಾಜಿಯಾಂಜಸ್‌ನ ಗ್ರೆಗರಿ ಅದನ್ನು ಒಪ್ಪಲಿಲ್ಲ. 1098ರ ಸುಮಾರಿಗೆ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಆನ್ಸೆಲ್ಮ್ ಸೈತಾನನನ್ನು ಲೆಕ್ಕದಿಂದಲೇ ತೆಗೆದು, ದೇವರ ಮಾನಕ್ಕೆ ಮನುಷ್ಯ ಸಲ್ಲಿಸಬೇಕಾದ ಬಾಕಿ ಎಂದ. ಸಿದ್ಧಾಂತದ ಇಷ್ಟು ದೊಡ್ಡ ಕಟ್ಟಡ ಎದ್ದಿದ್ದು ಒಂದು ಪದದ ಮೇಲೆ, ಅದೂ ಸುವಾರ್ತೆ ಕೇಳದೇ ಬಿಟ್ಟ ಪ್ರಶ್ನೆಯಿಂದ.

ಇನ್ನುಳಿದದ್ದು ಚುಟುಕಾಗಿ. ಹಳೆಯದು 'ಪರಲೋಕರಾಜ್ಯ', ಸಿ.ಎಲ್. 'ಸ್ವರ್ಗಸಾಮ್ರಾಜ್ಯ'. ಎರಡೂ ನಮಗೆ ಸತ್ತ ಮೇಲಿನ ಮಾತಾಗಿ ಕೇಳುತ್ತವೆ, ಮೂಲದಲ್ಲಿರುವುದು ಆಳ್ವಿಕೆ. ಪ್ರಾರ್ಥನೆಯಲ್ಲಿ ತಂದೆಯನ್ನು ಹಳೆಯದು 'ನೀನು' ಎನ್ನುತ್ತದೆ, ಸಿ.ಎಲ್. 'ನೀವು'. ದೇವರ ಜೊತೆ ಕನ್ನಡದ ಭಕ್ತರು ಮೊದಲಿಂದಲೂ ಏಕವಚನದಲ್ಲೇ ಜಗಳಾಡಿದ್ದಾರೆ. ಬಹುವಚನದಲ್ಲಿ ಗೌರವ ಏರಿತು, ಸಲುಗೆ ಇಳಿಯಿತು.

ಒಂದೇ ಕೊಳ್ಳುವುದಾದರೆ ಹಳೆಯದನ್ನೇ ಕೊಳ್ಳಿ, ಸಿ.ಎಲ್. ಅನ್ನು ಮೊಬೈಲಿನಲ್ಲಿಟ್ಟುಕೊಳ್ಳಿ. ಯೂವರ್ಷನ್ ಆ್ಯಪ್‌ನಲ್ಲಿ ಎರಡೂ ಉಚಿತ. ಜೇಬಿನ ಗಾತ್ರದ ಪ್ರತಿ ಬೇಡ, ಸಣ್ಣ ಅಚ್ಚಿನಲ್ಲಿ ಒತ್ತಕ್ಷರಗಳು ಕೂಡಿಹೋಗುತ್ತವೆ. ಹಾಳೆ ತೆಳು, ಜೆಲ್ ಪೆನ್ನಿನ ಮಸಿ ಹಿಂಬದಿಗೆ ಇಳಿಯುತ್ತದೆ. ಗುರುತು ಹಾಕಲು ಪೆನ್ಸಿಲ್ ಇಟ್ಟುಕೊಂಡು, ಲೂಕ 15:20ರ ಪಕ್ಕದಲ್ಲಿ 'ಕರುಳು' ಎಂದು ಬರೆದುಕೊಳ್ಳಿ.