ಐರಿಷ್ ವಲಸೆಯ ಆ ಕಾದಂಬರಿಯ ಮೇಲೆ ನನ್ನ ಹೆಸರಿದೆ, ಆದರೂ ನಂಬಬೇಡಿ

ಮುಖಪುಟದಲ್ಲಿ ಶಾಲು ಹೊದ್ದ ಹುಡುಗಿ, ಹಿಂದೆ ಹಾಯಿಹಡಗು, ಅದರ ಹಿಂದೆ ಅಮೆರಿಕದ ಸ್ವಾತಂತ್ರ್ಯದೇವಿಯ ಪ್ರತಿಮೆ. ಇಂಥದ್ದೊಂದು ದಪ್ಪ ಕನ್ನಡ ಕಾದಂಬರಿ ನಿಮ್ಮ ಮನೆಯಲ್ಲೋ ಕಾಲೇಜಿನ ಲೈಬ್ರರಿಯಲ್ಲೋ ಇದ್ದರೆ ಅದರ ಅನುವಾದಕಿ ನಾನೇ. ಕಥೆ ಎಂದುಕೊಂಡು ಓದಿ, ಬೇಡ ಎನ್ನುವುದಿಲ್ಲ. ಇತಿಹಾಸ ಎಂದು ನಂಬಬೇಡಿ, ಮಕ್ಕಳ ಪಾಠಕ್ಕಂತೂ ಬಳಸಲೇಬೇಡಿ. ಪ್ರಕಾಶಕರ ಹೆಸರನ್ನೂ ಪುಸ್ತಕದ ಹೆಸರನ್ನೂ ಇಲ್ಲಿ ಬರೆಯುತ್ತಿಲ್ಲ, ಜಗಳ ನನಗೆ ಬೇಕಾಗಿಲ್ಲ. ಇಂಥ ಕೆಲಸ ಒಪ್ಪಿಕೊಳ್ಳುವ ಇನ್ನೊಬ್ಬ ಅನುವಾದಕರಿಗೆ ನನಗಾದದ್ದು ಆಗಬಾರದು, ಅಷ್ಟೇ.

ಕೆಲಸ ಬಂದದ್ದು ಫೋನಿನಲ್ಲಿ. "ಮೇಡಂ, ಅಮೆರಿಕದ ಒಬ್ಬರು ಬರೆದ ಐತಿಹಾಸಿಕ ಕಾದಂಬರಿ. ಕನ್ನಡದ ಹಕ್ಕು ತಗೊಂಡಿದೀವಿ. ಐರ್ಲೆಂಡಿನ ಬರಗಾಲ, ಅಲ್ಲಿಂದ ಅಮೆರಿಕಕ್ಕೆ ಹೋದ ಒಂದು ಕುಟುಂಬ. ಕಣ್ಣೀರು ಬರತ್ತೆ." ಇಂಗ್ಲಿಷಿನಲ್ಲಿ 480 ಪುಟ, ಲೇಖಕರೇ ಅಚ್ಚು ಹಾಕಿಸಿಕೊಂಡದ್ದು. ಮೊದಲ ಐವತ್ತು ಪುಟ ಓದಿದೆ, ಒಪ್ಪಿಕೊಂಡೆ. ಪೂರ್ತಿ ಓದದೆ ಸಹಿ ಹಾಕಿದೆ. ಮೊದಲ ತಪ್ಪು ನನ್ನದೇ.

ಆ ಐವತ್ತು ಪುಟ ನಿಜಕ್ಕೂ ಚೆನ್ನಾಗಿತ್ತು. ಐರ್ಲೆಂಡಿನ ಕಾರ್ಕ್ ಸೀಮೆಯ ಒಂದು ಗುಡಿಸಲು, ಆಲೂಗಡ್ಡೆ ಹೂತಿಟ್ಟ ಗುಂಡಿ. ಅಪ್ಪ ಮಣ್ಣು ಸರಿಸುತ್ತಾನೆ, ವಾಸನೆ ಮುಖಕ್ಕೆ ರಾಚುತ್ತದೆ, ಹುಡುಗಿ ಕೈ ಹಾಕಿದರೆ ಗೆಡ್ಡೆ ಬೆರಳಲ್ಲಿ ಕರಗಿ ಕಪ್ಪು ಲೋಳೆಯಾಗುತ್ತದೆ. ಅದನ್ನು ಕನ್ನಡಕ್ಕೆ ತರಲು ನಾನು ನಿಘಂಟು ತೆಗೆಯಲಿಲ್ಲ. ನಮ್ಮದು ತೀರ್ಥಹಳ್ಳಿ ಕಡೆಯ ಅಡಿಕೆ ತೋಟ. ಆಷಾಢದ ಮಳೆ ಬಿಡದೆ ಹೊಡೆದರೆ ತೋಟದ ತುಂಬಾ ಇರುವ ವಾಸನೆ ಯಾವುದು ಅಂತ ಗೊತ್ತು. ಆ ರೋಗಕ್ಕೆ 'ಕೊಳೆರೋಗ' ಎಂದೇ ಬರೆದೆ. ಅದು ಪ್ರಾಸಕ್ಕೆ ಸಿಕ್ಕ ಮಾತಲ್ಲ. 1845ರಲ್ಲಿ ಐರ್ಲೆಂಡಿನ ಆಲೂಗಡ್ಡೆಯನ್ನು ಕೊಳೆಸಿದ್ದೂ ನಮ್ಮ ಅಡಿಕೆಯನ್ನು ಉದುರಿಸುವುದೂ ಫೈಟೊಫ್ತೊರಾ ಎಂಬ ಒಂದೇ ಕುಲದ ರೋಗಾಣುಗಳು, ಜಾತಿ ಬೇರೆ ಅಷ್ಟೇ. ಇಷ್ಟು ಹತ್ತಿರದ್ದೆಂದೇ ಈ ಕೆಲಸಕ್ಕೆ ಮನಸ್ಸು ಕೊಟ್ಟೆ.

ಅನುಮಾನ ಶುರುವಾದದ್ದೂ ಅಲ್ಲಿಂದಲೇ. 61ನೇ ಪುಟದಲ್ಲಿ, 1846ರ ಬೇಸಿಗೆಯಲ್ಲಿ, ಹುಡುಗಿಯ ಅಪ್ಪ ಮೈಲುತುತ್ತ ಸುಣ್ಣ ಕಲಸಿದ ನೀಲಿ ನೀರನ್ನು ಎಲೆಗಳಿಗೆ ಹೊಡೆಯುತ್ತಾನೆ. ರಾತ್ರಿ ಮಳೆ ಬಂದು ಅದು ತೊಳೆದುಹೋಗುತ್ತದೆ. ಓದಲು ಕರುಳು ಕಿತ್ತು ಬರುವಂಥ ದೃಶ್ಯ. ಊರಿಗೆ ಹೋದಾಗ ಅಪ್ಪಯ್ಯನಿಗೆ ಓದಿ ಹೇಳಿದೆ. ಅವರು ಎಲೆ ಮಡಚುವುದನ್ನು ನಿಲ್ಲಿಸಿ, "ಅಲ್ಲ ಮಾರಾಯ್ತಿ, ಆಗ್ಲೇ ಬೋರ್ಡೋ ಇದ್ದಿದ್ರೆ ಅಷ್ಟು ಜನ ಯಾಕೆ ಸಾಯ್ತಿದ್ರು?" ಎಂದರು.

ಮಾತು ನೆಟ್ಟಗೆ ಇತ್ತು. ಬೋರ್ಡೋ ದ್ರಾವಣ, ಅಂದರೆ ಆ ಮೈಲುತುತ್ತ ಸುಣ್ಣದ ನೀಲಿ ನೀರು, ಫ್ರಾನ್ಸಿನ ದ್ರಾಕ್ಷಿ ತೋಟಗಳಲ್ಲಿ ಹುಟ್ಟಿದ್ದು 1880ರ ದಶಕದಲ್ಲಿ. ಐರ್ಲೆಂಡಿನ ರೈತನ ಕೈಯಲ್ಲಿ ಮದ್ದೇ ಇರಲಿಲ್ಲ. ಹತ್ತಿರ ಹತ್ತಿರ ಹತ್ತು ಲಕ್ಷ ಜನ ಸತ್ತು, ಅದಕ್ಕೂ ಹೆಚ್ಚು ಜನ ಊರು ಬಿಟ್ಟು ಹೋದದ್ದು ಆ ಕಾರಣಕ್ಕೆ, ಜೊತೆಗೆ ಬ್ರಿಟಿಷ್ ಸರ್ಕಾರ ಕೈಕಟ್ಟಿ ನಿಂತದ್ದಕ್ಕೆ. ಮದ್ದು ಇತ್ತು, ಮಳೆ ತೊಳೆಯಿತು ಎಂದು ಬರೆದರೆ ಆ ಸಾವುಗಳ ಹೊಣೆ ಮೋಡದ ಮೇಲೆ ಹೋಗುತ್ತದೆ. ಇದೇ ಕಾದಂಬರಿಯಲ್ಲಿ ಚಾರ್ಲ್ಸ್ ಟ್ರೆವೆಲ್ಯಾನ್ ಬಡವರಿಗಾಗಿ ನಿದ್ದೆಗೆಟ್ಟ ದಯಾಳು. ನಿಜದಲ್ಲಿ, ಲಂಡನ್ನಿನ ಖಜಾನೆಯಲ್ಲಿ ಕುಳಿತು, ಮಾರುಕಟ್ಟೆಗೆ ಅಡ್ಡಿಯಾಗಬಾರದೆಂದು ಪರಿಹಾರದ ಕೈ ಬಿಗಿಹಿಡಿದ ಅಧಿಕಾರಿ ಆತ. 1859ರಲ್ಲಿ ಅದೇ ಮನುಷ್ಯ ಮದ್ರಾಸಿನ ಗವರ್ನರ್ ಆಗಿ ಬಂದ. ಬಳ್ಳಾರಿ, ಮಂಗಳೂರು ಆಗ ಮದ್ರಾಸಿನ ಕೆಳಗೇ ಇದ್ದವು. ಧಾತು–ಈಶ್ವರ ಸಂವತ್ಸರದ ಬರ, ಅಂದರೆ 1876–78ರದ್ದು, ಮೈಸೂರು ಸೀಮೆಯನ್ನು ಹೇಗೆ ಖಾಲಿ ಮಾಡಿತು ಎಂದು ಹಿರಿಯರಿಂದ ಕೇಳಿದವರಿಗೆ ಇದು ದೂರದ ಕಥೆ ಅನಿಸುವುದಿಲ್ಲ.

ಅಲ್ಲಿಂದ ಮುಂದೆ ಒಂದು ಕಣ್ಣು ಅನುವಾದದ ಮೇಲೆ, ಒಂದು ಕಣ್ಣು ಇಸವಿಗಳ ಮೇಲೆ ಇಟ್ಟೆ. ಹುಡುಗಿಯ ಹಡಗು 1847ರಲ್ಲಿ ನ್ಯೂಯಾರ್ಕ್ ಬಂದರಿಗೆ ಬರುತ್ತದೆ. ದೂರದಿಂದಲೇ ಸ್ವಾತಂತ್ರ್ಯದೇವಿ ಕಾಣುತ್ತಾಳೆ. ಎಲ್ಲಿಸ್ ದ್ವೀಪದಲ್ಲಿ ಇಳಿಸುತ್ತಾರೆ. ಕನ್ನಡಕದ ಅಧಿಕಾರಿಯೊಬ್ಬ ಇವಳ ಹೆಸರು ಉಚ್ಚರಿಸಲಾಗದೆ ಬೇರೆ ಹೆಸರು ಬರೆದುಬಿಡುತ್ತಾನೆ. ಪ್ರತಿಮೆ ನಿಂತದ್ದು 1886ರಲ್ಲಿ. ಎಲ್ಲಿಸ್ ದ್ವೀಪದ ವಲಸೆ ಕಚೇರಿ ತೆರೆದದ್ದು 1892ರ ಜನವರಿ 1ರಂದು. ಹೆಸರು ಬದಲಿಸುವ ಅಧಿಕಾರಿಯಂತೂ ಸಿನಿಮಾಗಳಲ್ಲಿ ಬೆಳೆದ ಪಾತ್ರ. ಹಡಗು ಹತ್ತುವಾಗಲೇ ಬರೆದ ಪ್ರಯಾಣಿಕರ ಪಟ್ಟಿ ಹಿಡಿದು ಅಲ್ಲಿ ಪ್ರಶ್ನೆ ಕೇಳುತ್ತಿದ್ದರು. ಹೆಸರು ಬದಲಿಸಿಕೊಂಡವರು ಹೆಚ್ಚಾಗಿ ಆಮೇಲೆ ತಾವೇ ಬದಲಿಸಿಕೊಂಡದ್ದು.

ನನಗೆ ಹೊಟ್ಟೆ ಉರಿದದ್ದು ಇಸವಿಯ ತಪ್ಪಿಗಲ್ಲ. 1847ರಲ್ಲಿ ಇಳಿದವರಿಗೆ ನಿಜವಾಗಿ ಏನಾಯಿತೋ ಅದು ಈ ದೃಶ್ಯಕ್ಕಿಂತ ಎಷ್ಟೋ ಗಟ್ಟಿಯಾದ ಕಥೆ, ಅದನ್ನು ಬಿಟ್ಟದ್ದಕ್ಕೆ. ಆಗ ಜನ ಮ್ಯಾನ್‌ಹಟನ್ನಿನ ಹಡಗುಕಟ್ಟೆಗಳಿಗೇ ಇಳಿಯುತ್ತಿದ್ದರು. ಅಲ್ಲಿ ಕಾಯುತ್ತಿದ್ದವರು 'ರನ್ನರ್'ಗಳು, ವಸತಿಗೃಹಗಳ ದಲ್ಲಾಳಿಗಳು. ಎಷ್ಟೋ ಸಲ ಅವರೂ ಐರಿಷರೇ. ಊರ ಭಾಷೆಯಲ್ಲೇ ಮಾತಾಡಿಸಿ, ನಿಮ್ಮ ಸೀಮೆಯವನೇ ನಾನು ಎಂದು ಹೇಳಿ, ಪೆಟ್ಟಿಗೆ ಕಿತ್ತುಕೊಂಡು ಮುಂದೆ ನಡೆದುಬಿಡುವುದು. ಪೆಟ್ಟಿಗೆಯ ಹಿಂದೆ ಮನುಷ್ಯರು ಹೋಗಲೇಬೇಕಲ್ಲ. ಹೇಳಿದ ಬಾಡಿಗೆ ಒಂದು, ಕೇಳುವ ಬಾಡಿಗೆ ಇನ್ನೊಂದು, ಕೊಡದಿದ್ದರೆ ಪೆಟ್ಟಿಗೆ ಜಪ್ತಿ. ಒಳನಾಡಿಗೆ ಹೋಗುವವರಿಗೆ ದುಪ್ಪಟ್ಟು ಬೆಲೆಯ ಟಿಕೆಟ್ಟು, ಕೆಲವೊಮ್ಮೆ ಸುಳ್ಳು ಟಿಕೆಟ್ಟು. ಇದರ ಕಾಟ ತಡೆಯಲಾಗದೆ 1855ರಲ್ಲಿ ನ್ಯೂಯಾರ್ಕ್ ರಾಜ್ಯ ಹಳೆಯ ಕೋಟೆಯೊಂದರಲ್ಲಿ, ಕ್ಯಾಸಲ್ ಗಾರ್ಡನ್ನಿನಲ್ಲಿ, ವಲಸಿಗರು ಇಳಿಯುವ ಜಾಗ ಮಾಡಿ ದಲ್ಲಾಳಿಗಳನ್ನು ಗೋಡೆಯ ಆಚೆ ಇಟ್ಟಿತು. ತನ್ನ ಭಾಷೆ ಕೇಳಿ ಕಣ್ಣಲ್ಲಿ ನೀರು ತಂದುಕೊಂಡ ಹುಡುಗಿಯನ್ನು ಅದೇ ಭಾಷೆ ದೋಚುವುದು! ಬರೆಯಲು ಗೊತ್ತಿರುವವರು ಇದನ್ನು ಹೇಗೆ ಕೈಬಿಟ್ಟಾರು?

ಒಂದು ಕಥೆ ನಿಜವಾದ ಮನುಷ್ಯರನ್ನೇ ಅಳಿಸಿಹಾಕಬಲ್ಲದು ಎಂಬುದಕ್ಕೆ ಎಲ್ಲಿಸ್ ದ್ವೀಪದಲ್ಲೇ ಸಾಕ್ಷಿ ಇದೆ. ಅಲ್ಲಿ ಮೊದಲು ನೋಂದಣಿಯಾದವಳು ಕಾರ್ಕ್‌ನ ಆನಿ ಮೂರ್, 17 ವರ್ಷದವಳು. ಅವಳು ಪಶ್ಚಿಮಕ್ಕೆ, ಟೆಕ್ಸಾಸಿಗೆ ಹೋಗಿ ಬಾಳಿದಳು ಎಂಬ ಚೆಂದದ ಕಥೆ ದಶಕಗಟ್ಟಲೆ ನಡೆಯಿತು. 2006ರಲ್ಲಿ ದಾಖಲೆ ಜಾಲಾಡಿದಾಗ ಟೆಕ್ಸಾಸಿನ ಆನಿ ಅಮೆರಿಕದಲ್ಲೇ ಹುಟ್ಟಿದ ಬೇರೆ ಹೆಂಗಸು ಎಂದು ತಿಳಿಯಿತು. ನಿಜವಾದ ಆನಿ ನ್ಯೂಯಾರ್ಕಿನ ಬಡ ಓಣಿಗಳನ್ನು ಬಿಟ್ಟು ಎಲ್ಲಿಗೂ ಹೋಗಿರಲಿಲ್ಲ. ಮಕ್ಕಳನ್ನು ಹೆತ್ತಳು, ಅವರಲ್ಲಿ ಹಲವರನ್ನು ಎಳವೆಯಲ್ಲೇ ಕಳೆದುಕೊಂಡಳು, 1924ರಲ್ಲಿ ತೀರಿಕೊಂಡಳು. ಅವಳ ಸಮಾಧಿಗೆ ಹೆಸರಿನ ಕಲ್ಲು ಬಿದ್ದದ್ದು 2008ರಲ್ಲಿ.

ಕಾದಂಬರಿಯ ಕೊನೆಯ ಭಾಗ ಇನ್ನೂ ಕೆಟ್ಟದ್ದು. 1863ರ ಜುಲೈನಲ್ಲಿ, ಅಮೆರಿಕದ ಅಂತರ್ಯುದ್ಧದ ನಡುವೆ, ನ್ಯೂಯಾರ್ಕಿನಲ್ಲಿ ಸೈನ್ಯದ ಕಡ್ಡಾಯ ಭರ್ತಿಯ ವಿರುದ್ಧ ದಂಗೆ ಎದ್ದಿತು. 300 ಡಾಲರ್ ಕೊಟ್ಟ ಶ್ರೀಮಂತ ತಪ್ಪಿಸಿಕೊಳ್ಳಬಹುದಿತ್ತು, ಬಡವ ಹೋಗಬೇಕಿತ್ತು. ಸಿಟ್ಟು ನ್ಯಾಯವಾದದ್ದೇ. ಆದರೆ ಆ ಸಿಟ್ಟು ತಿರುಗಿದ್ದು ಕಪ್ಪು ಜನರ ಮೇಲೆ. ಅವರನ್ನು ಬೀದಿಯಲ್ಲಿ ಕೊಂದು ನೇತುಹಾಕಿದರು, ಕಪ್ಪು ಮಕ್ಕಳ ಅನಾಥಾಲಯಕ್ಕೆ ಬೆಂಕಿ ಇಟ್ಟರು. ಇನ್ನೂರಕ್ಕೂ ಹೆಚ್ಚು ಮಕ್ಕಳು ಹಿಂಬಾಗಿಲಿನಿಂದ ಪಾರಾದರು. ದಂಗೆಕೋರರಲ್ಲಿ ಬಹಳಷ್ಟು ಮಂದಿ ಐರಿಷ್ ಕೂಲಿಗಳು, ಅವರನ್ನು ತಡೆದ ಪೊಲೀಸರಲ್ಲೂ ಎಷ್ಟೋ ಮಂದಿ ಐರಿಷರು. ಕಾದಂಬರಿಯಲ್ಲಿ ಅನಾಥಾಲಯವೇ ಇಲ್ಲ, ದಂಗೆ ಎಬ್ಬಿಸುವವರು 'ಎಲ್ಲಿಂದಲೋ ಬಂದ ಪುಂಡರು'. ಅದರ ಮೇಲೆ ನಾಯಕ ಒಂದು ಭಾಷಣ ಬಿಗಿಯುತ್ತಾನೆ: ಅಮೆರಿಕದ ಮೊದಲ ಗುಲಾಮರು ಐರಿಷರೇ, ನಾವು ಯಾರನ್ನೂ ದೂರಲಿಲ್ಲ ಎಂದು. ಇದು ಹಸಿ ಸುಳ್ಳು. ಕರಾರಿನ ಜೀತಕ್ಕೆ ಹೋದ ಐರಿಷರು ಇದ್ದರು, ಕಷ್ಟವನ್ನೂ ಪಟ್ಟರು. ಆ ಕರಾರಿಗೆ ವರ್ಷಗಳ ಲೆಕ್ಕವಿತ್ತು, ಅದು ಮಕ್ಕಳಿಗೆ ದಾಟುತ್ತಿರಲಿಲ್ಲ. ಆಫ್ರಿಕದಿಂದ ಹಿಡಿದು ತಂದವರ ಗುಲಾಮಗಿರಿ ತಾಯಿಯಿಂದ ಮಗುವಿಗೆ ಇಳಿಯುತ್ತಿತ್ತು. ಎರಡನ್ನೂ ಒಂದೇ ತಕ್ಕಡಿಗೆ ಹಾಕುವ ಈ ಮಾತನ್ನು ಇವತ್ತಿಗೂ ಜನಾಂಗದ್ವೇಷಿಗಳು ಬಳಸುತ್ತಾರೆ. ಆ ಮಾತನ್ನು ನನ್ನ ಕೈಯಾರೆ, ಚೆನ್ನಾದ ಕನ್ನಡದಲ್ಲಿ ಬರೆದುಕೊಟ್ಟಿದ್ದೇನೆ. ಆ ಎರಡು ಪುಟಗಳ ನೆನಪಾದರೆ ಈಗಲೂ ಸಂಕಟವಾಗುತ್ತದೆ.

ತಪ್ಪುಗಳ ಪಟ್ಟಿ ಮಾಡುವಾಗ ನಾನೂ ಎಡವುತ್ತಿದ್ದೆ, ಅದನ್ನೂ ಹೇಳಬೇಕು. 'ಐರಿಷರು ಅರ್ಜಿ ಹಾಕಬೇಡಿ' ಎಂಬ ಕೆಲಸದ ಜಾಹೀರಾತು ಕಾದಂಬರಿಯಲ್ಲಿದೆ. ಅದು ದಂತಕಥೆ ಎಂದು ರಿಚರ್ಡ್ ಜೆನ್ಸನ್ ಎಂಬ ಇತಿಹಾಸಕಾರರು 2002ರಲ್ಲಿ ಬರೆದದ್ದು ಸಿಕ್ಕಿತು, ಪಟ್ಟಿಗೆ ಸೇರಿಸಿದೆ. ವಾರದ ಮೇಲೆ ಇನ್ನೊಂದು ಲೇಖನ ಕಣ್ಣಿಗೆ ಬಿತ್ತು. 14 ವರ್ಷದ ಶಾಲಾ ಹುಡುಗಿಯೊಬ್ಬಳು ಹಳೆಯ ಪತ್ರಿಕೆಗಳನ್ನು ಹುಡುಕಿ ಅಂಥ ಜಾಹೀರಾತುಗಳನ್ನು ರಾಶಿ ಹಾಕಿ, 2015ರಲ್ಲಿ ಅದೇ ವಿದ್ವತ್ ಪತ್ರಿಕೆಯಲ್ಲಿ ಜೆನ್ಸನ್‌ಗೆ ಉತ್ತರ ಕೊಟ್ಟಿದ್ದಳು. ಪಟ್ಟಿಯಿಂದ ಅದನ್ನು ಹೊಡೆದುಹಾಕಿದೆ.

ಉಳಿದದ್ದು ಹದಿನಾಲ್ಕು ತಪ್ಪು. ಪ್ರಕಾಶಕರಿಗೆ ಕಳಿಸಿದೆ. "ಮೇಡಂ, ಕಾದಂಬರಿ ಅಂದ್ಮೇಲೆ ಕಲ್ಪನೆ ಇರತ್ತೆ. ನೀವು ಅನುವಾದ ಮಾಡಿ ಸಾಕು" ಎಂದರು. ಮೂಲದಲ್ಲಿ ಏನನ್ನೂ ಸೇರಿಸಬಾರದು, ಬಿಡಬಾರದು ಎಂದು ಒಪ್ಪಂದದಲ್ಲಿತ್ತು. ಅದು ಸರಿಯಾದ ಷರತ್ತೇ, ಲೇಖಕರ ಮಾತನ್ನು ತಿದ್ದಲು ನಾನ್ಯಾರು? ಅದಕ್ಕೇ ಕೊನೆಯಲ್ಲಿ ನಾಲ್ಕು ಪುಟದ 'ಅನುವಾದಕಿಯ ಮಾತು' ಇರಲಿ ಎಂದು ಕೇಳಿದೆ. "ಆಯ್ತು ಬಿಡಿ, ಹಾಕೋಣ" ಎಂದರು. ಫೋನಿನಲ್ಲಿ. ಕಾಗದದಲ್ಲಿ ಏನೂ ಇಲ್ಲ. ಡಿಟಿಪಿಯಿಂದ ಬಂದ ಕರಡಿನಲ್ಲಿ ಆ ನಾಲ್ಕು ಪುಟ ಇತ್ತು, ಅಕ್ಷರದೋಷ ತಿದ್ದಿ ನಾನೇ ಕಳಿಸಿದ್ದೇನೆ.

ಎರಡು ತಿಂಗಳ ಮೇಲೆ ಗೌರವ ಪ್ರತಿಗಳ ಪಾರ್ಸೆಲ್ ಬಂತು. ಕತ್ತರಿ ಹುಡುಕುವಷ್ಟು ತಾಳ್ಮೆಯಿಲ್ಲದೆ ಹಲ್ಲಿನಿಂದ ದಾರ ಕಿತ್ತೆ. ಹೊಸ ಶಾಯಿಯ ವಾಸನೆ, ಇನ್ನೂ ಅಂಟಿಕೊಂಡಿದ್ದ ಹಾಳೆಗಳು. ನೇರ ಕೊನೆಗೆ ತಿರುಗಿಸಿದೆ. ಕಾದಂಬರಿಯ ಕೊನೆಯ ಸಾಲು, ಅದರ ಎದುರಿಗೆ ಪ್ರಕಾಶನದ ಇತರ ಪುಸ್ತಕಗಳ ಬೆಲೆಪಟ್ಟಿ. ನನ್ನ ನಾಲ್ಕು ಪುಟ ಇದ್ದ ಜಾಗದಲ್ಲಿ ಬೆಲೆಪಟ್ಟಿ. ಹಿಂಬದಿ ರಟ್ಟಿನಲ್ಲಿ 'ಪ್ರತಿ ಪುಟವೂ ಅಪ್ಪಟ ಇತಿಹಾಸ' ಎಂಬ ಸಾಲು, ಅದರ ಕೆಳಗೆ ನನ್ನ ಫೋಟೋ. ಫೋನ್ ಮಾಡಿದರೆ, "ಫಾರಂ ಹೆಚ್ಚಾಗ್ತಿತ್ತು ಮೇಡಂ." ಅಂದರೆ ಅಚ್ಚಿನ ಹಾಳೆ ಹೆಚ್ಚು ಬೇಕಾಗುತ್ತಿತ್ತಂತೆ.

ದುಡ್ಡಿನ ವಿಷಯ ಬೇಗ ಹೇಳಿ ಮುಗಿಸುತ್ತೇನೆ. ಮುಂಗಡ ಬಂತು, ಉಳಿದದ್ದಕ್ಕೆ ಲೈಬ್ರರಿ ಆರ್ಡರ್ ಬರಲಿ ಎನ್ನುತ್ತಿದ್ದಾರೆ.

ದುಡ್ಡಿಗಿಂತ ಹೆಚ್ಚು ಚುಚ್ಚಿದ್ದು ಒಂದು ಫೋಟೋ. ಪಿಯು ಕಾಲೇಜಿನ ಉಪನ್ಯಾಸಕಿಯೊಬ್ಬರು ಪ್ರೀತಿಯಿಂದ ಕಳಿಸಿದ್ದರು. ಅವರ ವಿದ್ಯಾರ್ಥಿನಿಯರು ಪುಸ್ತಕ ಓದಿ ಚಾರ್ಟ್ ಮಾಡಿದ್ದಾರೆ. ಬಣ್ಣದ ಪೆನ್ನಿನಲ್ಲಿ ಹಡಗು, ಅದರ ಮುಂದೆ ಸ್ವಾತಂತ್ರ್ಯದೇವಿ, ಕೆಳಗೆ ದುಂಡಗಿನ ಅಕ್ಷರದಲ್ಲಿ '1847'. ಅವರಿಗೆ ಫೋನ್ ಮಾಡಿ ವಿಷಯ ಹೇಳಲು ನನಗೆ ಮೂರು ದಿನ ಬೇಕಾಯಿತು. "ನಿಮ್ಮ ಹೆಸರು ನೋಡಿ ನಂಬಿದ್ದು ಮೇಡಂ" ಎಂದರು, ಸಿಟ್ಟಿನಿಂದಲ್ಲ.

ಹಾಗಾಗಿ ಅನುವಾದ ಮಾಡುವ ಗೆಳೆಯರೇ, ಪುಸ್ತಕದ ಕೊನೆಯ ಪುಟದವರೆಗೂ ಓದಿ ಆಮೇಲೆ ಸಹಿ ಹಾಕಿ. ಕಥೆ ನಡೆಯುವ ಕಾಲದ ನಾಲ್ಕೈದು ಇಸವಿಗಳನ್ನು ಮೊದಲೇ ಗುರುತು ಹಾಕಿಕೊಂಡರೆ ಅದೇ ಜರಡಿ. ಐರಿಷ್ ವಲಸೆಯ ಕಥೆಗೆ 1855, 1886, 1892 ಈ ಮೂರೇ ಸಾಕು, ಅರ್ಧ ಕಸ ಅಲ್ಲೇ ಉಳಿಯುತ್ತದೆ. ಅನುವಾದಕರ ಮಾತು ಎಷ್ಟು ಪುಟ, ಎಲ್ಲಿ ಬರಬೇಕು ಎಂಬುದು ಒಪ್ಪಂದದಲ್ಲೇ ಇರಲಿ. ಬೆನ್ನುಡಿಯನ್ನು ನಿಮಗೆ ತೋರಿಸದೆ ಹಾಕಬಾರದು ಎಂದೂ ಬರೆಸಿಕೊಳ್ಳಿ. ಕರಡು ನೋಡಿದರೆ ಸಾಲದು, ಪ್ರೆಸ್ಸಿಗೆ ಹೋಗುವ ಕೊನೆಯ ಪಿಡಿಎಫ್ ನೋಡಬೇಕು. ಇಷ್ಟಾದರೂ ಒಪ್ಪಿಗೆಯಾಗದಿದ್ದರೆ ಪುಸ್ತಕದಿಂದ ನಿಮ್ಮ ಹೆಸರು ತೆಗೆಸುವ ಹಕ್ಕು ನಿಮಗಿರಲಿ. ಕೇಳಿದರೆ ಕೆಲಸ ತಪ್ಪೀತು ಎಂದು ನಾನು ಇದ್ಯಾವುದನ್ನೂ ಕೇಳಲಿಲ್ಲ.

ಆ ಪುಸ್ತಕ ಈಗಾಗಲೇ ಕೊಂಡವರು ನನಗೊಂದು ಸಾಲು ಬರೆಯಿರಿ, ಅಚ್ಚಾಗದ ಆ ನಾಲ್ಕು ಪುಟ ಕಳಿಸುತ್ತೇನೆ. ಪ್ರಿಂಟ್ ತೆಗೆದು ಬೆಲೆಪಟ್ಟಿಯ ಮೇಲೆ ಅಂಟಿಸಿಕೊಳ್ಳಿ. ಆ ಉಪನ್ಯಾಸಕಿ ಹಾಗೇ ಮಾಡಿದ್ದಾರೆ. ಚಾರ್ಟನ್ನೂ ಹುಡುಗಿಯರು ಮತ್ತೆ ಬರೆದಿದ್ದಾರೆ. ಈ ಸಲ ಪ್ರತಿಮೆ ಇಲ್ಲ. ಹಡಗುಕಟ್ಟೆ ಇದೆ, ಪೆಟ್ಟಿಗೆ ಹೊತ್ತು ಮುಂದೆ ಓಡುತ್ತಿರುವ ಒಬ್ಬ ಮನುಷ್ಯ ಇದ್ದಾನೆ, ಅವನ ಹಿಂದೆ ಶಾಲು ಜಾರಿದ ಹುಡುಗಿ.