ವರ್ಗಾವಣೆಗೆ ಸ್ಟೇ (ತಡೆಯಾಜ್ಞೆ) ಬರುತ್ತೆ ಅಂತ ರಜೆ ಹಾಕಿ ಮನೆಯಲ್ಲಿ ಕೂರಬೇಡಿ

ಮಂಡ್ಯದ ಸರ್ಕಾರಿ ಕಚೇರಿಯಲ್ಲಿ ಎಫ್‌ಡಿಎ (ಪ್ರಥಮ ದರ್ಜೆ ಸಹಾಯಕ) ಆಗಿದ್ದೆ. ಈಗ ಹನೂರಿನಲ್ಲಿದ್ದೇನೆ. ವರ್ಗ ಆದದ್ದಕ್ಕೆ ಈಗ ಬೇಜಾರಿಲ್ಲ. ಅದನ್ನು ತಡೆಯಲು ಹೋಗಿ ಮಾಡಿಕೊಂಡ ಎಡವಟ್ಟು ಮಾತ್ರ ಇನ್ನೂ ಚುಚ್ಚುತ್ತದೆ.

ಗ್ರೂಪ್ ಸಿ ನೌಕರರಿಗೆ ಒಂದು ಜಾಗದಲ್ಲಿ ಕನಿಷ್ಠ 4 ವರ್ಷ ಅಂತ ಮಾರ್ಗಸೂಚಿ ಇದೆ. ನನಗೆ ಎರಡೂವರೆಯೂ ತುಂಬಿರಲಿಲ್ಲ. ಕೇಸ್ ಹಾಕಿದರೆ ಗೆದ್ದ ಹಾಗೇ ಅಂದುಕೊಂಡೆ. ಆಫೀಸಿಗೆ ಬಂದುಹೋಗುವ ಒಬ್ಬ, "ಚಾರ್ಜ್ (ಕೆಲಸದ ಹೊಣೆ) ಬಿಟ್ಟುಕೊಡಬೇಡಿ ಸಾರ್, ರಜೆ ಹಾಕಿ. ಎರಡೇ ದಿನಕ್ಕೆ ಹೈಕೋರ್ಟ್ ಸ್ಟೇ ತರಿಸ್ತೀನಿ" ಅಂದ. 40,000 ಕೊಟ್ಟೆ. ಹುಷಾರಿಲ್ಲ ಅಂತ ರಜೆ ಚೀಟಿ ಕಳಿಸಿದೆ.

ವಾರ ಕಳೆದ ಮೇಲೆ ಗೊತ್ತಾಯಿತು, ನಮ್ಮಂಥವರ ವರ್ಗಾವಣೆ ಕೇಸ್ ನೇರ ಹೈಕೋರ್ಟಿಗೆ ಹೋಗುವುದೇ ಇಲ್ಲ. ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನ ಪ್ರಕಾರ ಮೊದಲು ಕೆಎಟಿ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ), ಅಲ್ಲಿ ಆಗದಿದ್ದರೆ ಹೈಕೋರ್ಟ್. ಮಂಡ್ಯದವರಿಗೆ ಕೆಎಟಿ ಅಂದರೆ ಬೆಂಗಳೂರಿಗೇ ಹೋಗಬೇಕು.

ಅಷ್ಟರಲ್ಲಿ ನನ್ನನ್ನು ಏಕಪಕ್ಷೀಯವಾಗಿ ಬಿಡುಗಡೆ ಮಾಡಿ ಆಗಿತ್ತು. ನನ್ನ ಜಾಗಕ್ಕೆ ಬಂದವರು ರಿಪೋರ್ಟ್ ಮಾಡಿಕೊಂಡು, ಬೀರುವಿನ ಬೀಗ ಒಡೆಸಿ, ಮಹಜರು ಬರೆಸಿ ಕಡತ ತೆಗೆದುಕೊಂಡಿದ್ದರು. ಆ ಮಹಜರಿನಲ್ಲಿ ನನ್ನ ಊಟದ ಡಬ್ಬಿಯೂ ಇತ್ತು, 'ಸ್ಟೀಲ್, ಒಂದು' ಅಂತ.

ಕೆಎಟಿಯಲ್ಲಿ ಮೊದಲ ಪ್ರಶ್ನೆಯೇ "ರಿಲೀವ್ ಆಗಿದೆಯಾ?" ಎರಡನೆಯದು, ಹೊಸಬರನ್ನು ಯಾಕೆ ಪ್ರತಿವಾದಿ ಮಾಡಿಲ್ಲ ಅಂತ. ಸ್ಟೇ ಸಿಗಲಿಲ್ಲ. ಅವಧಿಗೆ ಮೊದಲೇ ವರ್ಗ ಮಾಡಲು ಮುಖ್ಯಮಂತ್ರಿಗಳ ಅನುಮೋದನೆ ಬೇಕು. ನನ್ನ ಕಡತದಲ್ಲಿ ಅದು ಇತ್ತು! ಕೇಸ್ ಹಾಕುವ ಮೊದಲು ನೋಡಬೇಕಿದ್ದ ಕಾಗದ ಅದು. 'ದುರುದ್ದೇಶ' ಅಂತ ಅರ್ಜಿಯಲ್ಲಿ ದಪ್ಪಕ್ಷರದಲ್ಲಿ ಹಾಕಿಸಿದ್ದೆವು, ಯಾರದ್ದು ಅಂತ ಹೇಳಲು ನಮ್ಮ ಹತ್ತಿರ ಏನೂ ಇರಲಿಲ್ಲ. ಸುಪ್ರೀಂ ಕೋರ್ಟಿನ 1991ರ ಶಿಲ್ಪಿ ಬೋಸ್ ತೀರ್ಪು ಇಂಥ ಪ್ರತಿ ಕೇಸಿನಲ್ಲೂ ಎದುರಿಗೆ ಬರುತ್ತದಂತೆ. ಕಡ್ಡಾಯ ನಿಯಮ ಮುರಿದಿರಬೇಕು, ಇಲ್ಲವೇ ದುರುದ್ದೇಶ ತೋರಿಸಬೇಕು. ಇಲ್ಲದಿದ್ದರೆ ಕೋರ್ಟ್ ವರ್ಗಾವಣೆಗೆ ಕೈ ಹಾಕುವುದಿಲ್ಲ.

ಶಾಸಕರ ಶಿಫಾರಸು ಪತ್ರವನ್ನೂ ಅರ್ಜಿಗೆ ಲಗತ್ತಿಸೋಣ ಅಂದಿದ್ದೆ. ವಕೀಲರು ನನ್ನ ಮುಖವನ್ನೇ ನೋಡಿದರು. ರಾಜಕೀಯ ಪ್ರಭಾವ ತರುವುದು ನಡತೆ ನಿಯಮಕ್ಕೇ ವಿರುದ್ಧ, ಅದನ್ನು ನಾವೇ ಕೋರ್ಟಿಗೆ ಕೊಡುವುದೇ?

ನಿಜವಾದ ಪೆಟ್ಟು ಬಿದ್ದದ್ದು ಸಂಬಳಕ್ಕೆ. ಮಂಡ್ಯದಲ್ಲಿ ನಾನಿಲ್ಲ, ಹನೂರಿನಲ್ಲಿ ಜಾಯಿನ್ ಆಗಿಲ್ಲ. ಹೀಗೆ 53 ದಿನ. ಮನೆ ಸಾಲದ ಕಂತಿಗೆ ಹೆಂಡತಿಯ ಬಳೆ ಅಡ ಇಟ್ಟೆವು. ಕೇಸ್ ಹಾಕಿದ ಮಾತ್ರಕ್ಕೆ ಹೊಸ ಜಾಗಕ್ಕೆ ಹೋಗದೆ ಇರುವ ಹಾಗಿಲ್ಲ, ಕೈಯಲ್ಲಿ ಸ್ಟೇ ಇರಬೇಕು. "ಹಕ್ಕು ಕಾಯ್ದಿರಿಸಿ ಅಂತ ಬರೆದುಕೊಟ್ಟು ಜಾಯಿನ್ ಆಗಿ, ಕೇಸ್ ನಡೆಯಲಿ" ಅಂತ ವಕೀಲರು ಹೇಳುವ ಹೊತ್ತಿಗೆ ತಡವಾಗಿತ್ತು.

ಆದೇಶ ಬಂದ ದಿನವೇ ವಕೀಲರನ್ನು ನೀವೇ ಹೋಗಿ ನೋಡಿ. ನಡುವೆ ಯಾರೂ ಬೇಡ. ಚಾರ್ಜ್ ಕೊಟ್ಟಿದ್ದೀರಾ ಇಲ್ಲವಾ ಅನ್ನುವುದನ್ನು ಅವರಿಂದ ಮುಚ್ಚಿಡಬೇಡಿ. ನನ್ನ ಆ 53 ದಿನವನ್ನು ಯಾವ ರಜೆ ಅಂತ ಪರಿಗಣಿಸಬೇಕು ಅನ್ನುವ ಕಡತ ಇನ್ನೂ ಮೇಜಿನಿಂದ ಮೇಜಿಗೆ ಓಡಾಡುತ್ತಿದೆ.